ಕತ್ತರಿ ಹಿಡಿದವಳು

ಮದುವೆ ವಿಡಿಯೊ ಎಡಿಟ್ ಮಾಡೋದು ನನ್ನ ಕೆಲಸ. ಒಂಬತ್ತು ವರ್ಷವಾಯ್ತು. ದೇವರ ಸಮಾರಾಧನೆಯಿಂದ ಹಿಡಿದು ಆರತಕ್ಷತೆವರೆಗೆ ಎಂಟು ಹತ್ತು ಗಂಟೆಯಷ್ಟು ಚಿತ್ರೀಕರಣ ಬರುತ್ತೆ, ಅದನ್ನು ಎರಡು ಗಂಟೆಗೆ ಇಳಿಸಬೇಕು. ‘ಕಟ್ ಮಾಡೋದು ತಾನೆ’ ಅಂತಾರೆ ನಮ್ಮತ್ತೆ, ಬೀನ್ಸ್ ಹೆಚ್ಚಿದಷ್ಟೇ ಸಲೀಸು ಅನ್ನೋ ಹಾಗೆ!

ಷಾರ್ಲೆಟ್ ಜ್ವೆರಿನ್ ಹೆಸರು ನನಗೆ ಗೊತ್ತಾಗಿದ್ದು ಈಚೆಗೆ. 1931ರಲ್ಲಿ ಅಮೆರಿಕದ ಡೆಟ್ರಾಯ್ಟ್‌ನಲ್ಲಿ ಹುಟ್ಟಿದಾಕೆ, ಸಾಕ್ಷ್ಯಚಿತ್ರಗಳ ಸಂಕಲನಕಾರ್ತಿ. ಆಲ್ಬರ್ಟ್ ಮೇಯ್ಸಲ್ಸ್ ಕ್ಯಾಮೆರಾ, ತಮ್ಮ ಡೇವಿಡ್ ಧ್ವನಿಮುದ್ರಣ. ತಂದು ಸುರಿದ ರೀಲುಗಳಿಂದ ಕತೆ ಹೆಕ್ಕುವ ಕೆಲಸ ಈಕೆಯದು. ಮನೆಮನೆಗೆ ಬೈಬಲ್ ಮಾರುವವರ ಕುರಿತ ‘ಸೇಲ್ಸ್‌ಮನ್’ ಚಿತ್ರದಲ್ಲಿ ನಿರ್ದೇಶಕರ ಸಾಲಿನಲ್ಲೇ ಆಕೆಯ ಹೆಸರೂ ಬಂತು. ಎಡಿಟರ್‌ಗೆ ಅಂಥ ಮರ್ಯಾದೆ ಎಷ್ಟು ಕಡೆ ಸಿಗುತ್ತೆ ಹೇಳಿ?

1969ರ ಡಿಸೆಂಬರ್ 6. ಕ್ಯಾಲಿಫೋರ್ನಿಯಾದ ಆಲ್ಟಮಾಂಟ್‌ನಲ್ಲಿ ರೋಲಿಂಗ್ ಸ್ಟೋನ್ಸ್ ತಂಡದ ಉಚಿತ ಸಂಗೀತ ಕಛೇರಿ. ಜನಸಾಗರ. ವೇದಿಕೆಯ ಹತ್ತಿರವೇ ಮೆರೆಡಿತ್ ಹಂಟರ್ ಎಂಬ 18ರ ಹುಡುಗ ಚಾಕು ಇರಿತಕ್ಕೆ ಬಲಿಯಾದ. ಅದು ಕ್ಯಾಮೆರಾದಲ್ಲಿ ಸೆರೆಯಾಗಿಬಿಟ್ಟಿತ್ತು. ಇನ್ನು ಅದನ್ನು ಬರೀ ಹಾಡು ಕುಣಿತದ ಸಿನಿಮಾ ಮಾಡೋದು ಹೇಗೆ? ಸಾವನ್ನು ಕೊನೆಗೆ ಇಟ್ಟು ರೋಚಕ ಮಾಡೋದೂ ತಪ್ಪೇ. ಜ್ವೆರಿನ್ ಸೂಚಿಸಿದ ದಾರಿ: ಹಾಡಿದವರನ್ನೇ ಎಡಿಟಿಂಗ್ ಮೇಜಿನ ಮುಂದೆ ಕೂರಿಸಿ, ಅವರು ನೋಡುವುದನ್ನು ಚಿತ್ರೀಕರಿಸೋದು. ಸಾವಿನ ಸುದ್ದಿ ಮೊದಲೇ ತಿಳಿಯುತ್ತೆ. ಆಮೇಲೆ ಪ್ರತಿ ಹಾಡೂ ಹೊಟ್ಟೆಯಲ್ಲಿ ಸಂಕಟ ಹುಟ್ಟಿಸುತ್ತೆ. ಮಿಕ್ ಜ್ಯಾಗರ್ ಆ ತುಣುಕನ್ನು ಮತ್ತೊಮ್ಮೆ ನೋಡಿ ಎದ್ದು ಹೋಗ್ತಾನೆ. 1970ರ ‘ಗಿಮ್ಮಿ ಶೆಲ್ಟರ್’ ಅದು. ನಾನು ಮೂರು ಸಲ ನೋಡಿದೆ.

ಆಮೇಲೆ 1988ರಲ್ಲಿ ಜಾಝ್ ಪಿಯಾನೊ ವಾದಕ ಥೆಲೋನಿಯಸ್ ಮಂಕ್ ಬಗ್ಗೆ ಆಕೆಯೇ ಚಿತ್ರ ನಿರ್ದೇಶಿಸಿದರು. ಇಪ್ಪತ್ತು ವರ್ಷ ಹಿಂದೆ ಬೇರೆಯವರು ತೆಗೆದಿಟ್ಟಿದ್ದ ರೀಲುಗಳೇ ಅದರ ಜೀವ. ಅಷ್ಟರಲ್ಲಿ ಮಂಕ್ ತೀರಿಕೊಂಡು ಆರು ವರ್ಷವಾಗಿತ್ತು. ಯಾರೋ ಪುಣ್ಯಾತ್ಮರು ಆ ರೀಲು ಎಸೆದಿರಲಿಲ್ಲ.

ನಾನು ಎಸೆದಿದ್ದೆ. ಒಂದು ಮದುವೆಯಲ್ಲಿ ಹುಡುಗಿಯ ಸೋದರಮಾವ ಮೈಕ್ ಹಿಡಿದು ದೇವರನಾಮ ಹಾಡಿದ್ದರು. ಶ್ರುತಿ ಎಲ್ಲೋ, ತಾಳ ಎಲ್ಲೋ. ‘ಅದು ಬೇಡ, ಮಾನ ಹೋಗುತ್ತೆ’ ಅಂದರು ಮನೆಯವರು. ತೆಗೆದೆ. ಹಾರ್ಡ್ ಡಿಸ್ಕ್ ತುಂಬಿದಾಗ ಮೂಲ ಫೈಲೂ ಅಳಿಸಿದೆ.

ಕಳೆದ ವರ್ಷ ಅವರ ಮಗಳು ಬಂದಳು. ‘ಅಕ್ಕಾ, ಅಪ್ಪ ಹಾಡಿದ್ದು ಇದೆಯಾ? ಅವರ ದನಿ ಬೇರೆಲ್ಲೂ ಇಲ್ಲ.’

ಇಲ್ಲ ಅನ್ನೋಕೆ ಬಾಯಿ ಬರಲಿಲ್ಲ. ನಾಳೆ ಬಾ ಅಂದೆ. ರಾತ್ರಿ ಎರಡು ಗಂಟೆಯ ವಿಡಿಯೊವನ್ನು ಹೆಡ್‌ಫೋನ್ ಹಾಕಿಕೊಂಡು ಪೂರ್ತಿ ಕೇಳಿದೆ. ಊಟದ ಪಂಕ್ತಿಯಲ್ಲಿ ಹೋಳಿಗೆ ಬಡಿಸ್ತಿದ್ದಾರೆ, ಹಿಂದೆ ದೂರದಲ್ಲಿ ಅವರ ಹಾಡು. ಹನ್ನೊಂದು ಸೆಕೆಂಡು. ಅಲ್ಲಿ ಮ್ಯೂಟ್ ಮಾಡೋದನ್ನು ಮರೆತಿದ್ದೆ.

ಅಷ್ಟನ್ನೇ ಪೆನ್ ಡ್ರೈವಿಗೆ ಹಾಕಿ ಕೊಟ್ಟೆ.