ಜೀವಕೋಶಗಳ ಸಂವಾದವೂ ಆಧಾರದ್ರವ್ಯವೂ

1740ರಲ್ಲಿ ಇಂಗ್ಲೆಂಡಿನಿಂದ ಹೊರಟು, ಭೂಪ್ರದಕ್ಷಿಣೆಯನ್ನು ಮುಗಿಸಿ 1744ರಲ್ಲಿ ಹಿಂದಿರುಗಿದ ಜಾರ್ಜ್ ಆನ್ಸನ್ನನ ನೌಕಾಯಾತ್ರೆಯ ವೃತ್ತಾಂತವು, ಹಡಗಿನ ಪಾದ್ರಿಯಾಗಿದ್ದ ರಿಚರ್ಡ್ ವಾಲ್ಟರನ ಹೆಸರಿನಲ್ಲಿ 1748ರಲ್ಲಿ ಪ್ರಕಟವಾಯಿತು. ಆ ಯಾತ್ರೆಯಲ್ಲಿ ಸಾವಿರಕ್ಕೂ ಹೆಚ್ಚು ಮಂದಿ ಮಡಿದರು. ಶತ್ರುಗಳ ಗುಂಡಿಗೆ ಬಲಿಯಾದವರು ಅತ್ಯಲ್ಪ. ಸ್ಕರ್ವಿ ಮೊದಲಾದ ರೋಗಗಳಿಗೆ ತುತ್ತಾದವರೇ ಬಹುಮಂದಿ. ವೃತ್ತಾಂತದಲ್ಲಿ ದಾಖಲಾಗಿರುವ ಒಂದು ಸಂಗತಿ ವಿಚಾರಾರ್ಹವಾದುದು. ಸೆಂಚುರಿಯನ್ ಎಂಬ ಹಡಗಿನಲ್ಲಿದ್ದ ಒಬ್ಬ ವೃದ್ಧ ಸೈನಿಕನು 1690ರಲ್ಲಿ ಐರ್ಲೆಂಡಿನ ಬಾಯ್ನ್ ಕದನದಲ್ಲಿ ಗಾಯಗೊಂಡಿದ್ದನು. ಆ ಗಾಯಗಳು ಮಾಯ್ದು ಐವತ್ತು ವರ್ಷಗಳು ಕಳೆದಿದ್ದುವು. ಸ್ಕರ್ವಿ ತಗುಲಿದ ಮೇಲೆ ಅವು ಮತ್ತೆ ಬಾಯಿ ಬಿಟ್ಟುವು. ಎಂದೋ ಕೂಡಿಕೊಂಡಿದ್ದ ಮುರಿದ ಎಲುಬಿನ ಬೆಸುಗೆಯೂ ಕರಗಿಹೋಯಿತು.

ಅರ್ಧ ಶತಮಾನ ಮುಚ್ಚಿದ್ದ ಗಾಯವು ಹೀಗೆ ತೆರೆದುಕೊಳ್ಳಲು ಕಾರಣವೇನು? ಗಾಯದ ಕಲೆಯನ್ನು ಒಮ್ಮೆ ಕಟ್ಟಿ ಮುಗಿಸಿದ ಗೋಡೆಯೆಂದು ಭಾವಿಸಿದಷ್ಟು ಕಾಲವೂ ಈ ಪ್ರಶ್ನೆಗೆ ಉತ್ತರವಿಲ್ಲ. ಸಮರ್ಪಕವಾದ ಉತ್ತರ ದೊರೆಯಲು ಎರಡು ಶತಮಾನಗಳಿಗೂ ಮೀರಿದ ಕಾಲ ಬೇಕಾಯಿತು. ಆ ಉತ್ತರದ ಇತಿಹಾಸವನ್ನು ಈ ಲೇಖನದಲ್ಲಿ ಸಂಗ್ರಹವಾಗಿ ನಿರೂಪಿಸಲು ಉದ್ದೇಶಿಸಿದ್ದೇವೆ. ನಾವು ಇತಿಹಾಸದ ಅಭ್ಯಾಸಿಗಳೇ ಹೊರತು ಜೀವವಿಜ್ಞಾನಿಗಳಲ್ಲ. ಆದರೂ ಒಂದು ಶಾಸ್ತ್ರವು ತಾನು ಆರಿಸಿಕೊಂಡ ಮಾತುಗಳ ಮೂಲಕವೇ ಕೆಲವನ್ನು ಕಂಡು ಕೆಲವನ್ನು ಕಾಣದೆ ಹೋಗುವ ಬಗೆಯು ಇತಿಹಾಸಕ್ಕೆ ಸೇರಿದ ವಿಷಯವೇ ಆಗಿದೆ.

1665ರಲ್ಲಿ ರಾಬರ್ಟ್ ಹುಕ್ಕನು ಬೆಂಡಿನ ತೆಳುವಾದ ಚೂರನ್ನು ಸೂಕ್ಷ್ಮದರ್ಶಕದಲ್ಲಿಟ್ಟು ನೋಡಿ, ಅಲ್ಲಿ ಕಂಡ ಪುಟ್ಟ ಗೂಡುಗಳಿಗೆ ಸೆಲ್ ಎಂಬ ಹೆಸರಿಟ್ಟನು. ಲ್ಯಾಟಿನ್ನಿನಲ್ಲಿ ಇದರ ಮೂಲಪದಕ್ಕೆ ಚಿಕ್ಕ ಕೊಠಡಿಯೆಂದರ್ಥ. ಆದರೆ ಹುಕ್ಕನು ಕಂಡದ್ದು ಸತ್ತ ಕೋಶಗಳ ಸುತ್ತ ಉಳಿದಿದ್ದ ಗೋಡೆಗಳನ್ನೇ ಹೊರತು ಜೀವವಿದ್ದ ಒಳಭಾಗವನ್ನಲ್ಲ. ಕೋಶಕ್ಕೆ ಹೆಸರು ಬಂದುದೇ ಅದರ ಹೊರಗಿನ ವಸ್ತುವಿನಿಂದ. ಹೀಗಿದ್ದರೂ ಮುಂದಿನ ವಿದ್ವಾಂಸರ ದೃಷ್ಟಿಯು ಗೋಡೆಯನ್ನು ಬಿಟ್ಟು ಕೊಠಡಿಯೊಳಕ್ಕೆ ಹರಿಯಿತು. 1838ರಲ್ಲಿ ಶ್ಲೈಡನ್ನನು ಸಸ್ಯಗಳ ವಿಷಯದಲ್ಲಿಯೂ 1839ರಲ್ಲಿ ಶ್ವಾನ್ನನು ಪ್ರಾಣಿಗಳ ವಿಷಯದಲ್ಲಿಯೂ ಕೋಶಸಿದ್ಧಾಂತವನ್ನು ಪ್ರತಿಪಾದಿಸಿದರು. 1858ರಲ್ಲಿ ಬರ್ಲಿನ್ನಿನ ರುಡಾಲ್ಫ್ ವಿರ್ಕೋ ಎಂಬ ವೈದ್ಯನು ರೋಗಗಳೆಲ್ಲವನ್ನೂ ಕೋಶಗಳ ವ್ಯಾಪಾರವಾಗಿ ವಿವರಿಸಿ, ದೇಹವನ್ನು ಒಂದು ರಾಷ್ಟ್ರಕ್ಕೂ ಕೋಶಗಳನ್ನು ಅದರ ಪ್ರಜೆಗಳಿಗೂ ಹೋಲಿಸಿದನು.

ಪ್ರಾಣಿದೇಹದಲ್ಲಿ ಕೋಶಗಳ ನಡುವೆ ಅಂಟಿನಂತೆಯೂ ನಾರಿನಂತೆಯೂ ತುಂಬಿಕೊಂಡಿರುವ ವಸ್ತುವೊಂದುಂಟು. ಇದನ್ನು ಇಂದಿನ ಶಾಸ್ತ್ರಜ್ಞರು ಕೋಶಬಾಹ್ಯ ಮಾತೃಕೆ ಎನ್ನುತ್ತಾರೆ. ನಾವು ಸೌಕರ್ಯಕ್ಕಾಗಿ ಆಧಾರದ್ರವ್ಯವೆಂದು ಕರೆಯುತ್ತೇವೆ. ವಿರ್ಕೋ ಇದನ್ನು ಕಡೆಗಣಿಸಿದನೆನ್ನುವುದು ನ್ಯಾಯವಲ್ಲ. ಪ್ರತಿಯೊಂದು ಕೋಶಕ್ಕೂ ಅದರ ಸುತ್ತಲ ದ್ರವ್ಯದಲ್ಲಿ ಒಂದು ಸೀಮೆಯುಂಟೆಂದು ಅವನೇ ಹೇಳಿದ್ದನು. ಆದರೆ ಆ ಸೀಮೆಯಲ್ಲಿ ಆಳುವುದು ಕೋಶ, ಆಳಿಸಿಕೊಳ್ಳುವುದು ದ್ರವ್ಯ. ದ್ರವ್ಯವು ಕೋಶಕ್ಕೆ ಮರುಮಾತು ಹೇಳಬಲ್ಲುದೆಂಬ ಭಾವನೆಗೆ ಆ ಹೋಲಿಕೆಯಲ್ಲಿ ಎಡೆಯಿರಲಿಲ್ಲ. ಪಾಠಪುಸ್ತಕಗಳಲ್ಲಿ ಕೋಶಗಳು ಇಟ್ಟಿಗೆಗಳಾದುವು, ನಡುವಣ ದ್ರವ್ಯವು ಗಾರೆಯಾಯಿತು. ಗಾರೆಯೊಡನೆ ಯಾರೂ ಮಾತನಾಡುವುದಿಲ್ಲವಷ್ಟೆ.

ಕೋಶಗಳು ಪರಸ್ಪರ ಮಾತನಾಡಿಕೊಳ್ಳುತ್ತವೆಂಬ ಅರಿವು ಇದಕ್ಕಿಂತ ಬೇಗನೆ ಮೂಡಿತು. 1902ರಲ್ಲಿ ಲಂಡನ್ನಿನಲ್ಲಿ ಬೇಲಿಸ್ ಮತ್ತು ಸ್ಟಾರ್ಲಿಂಗ್ ಎಂಬಿಬ್ಬರು, ನರಗಳ ಸಂಬಂಧವನ್ನು ಕಡಿದುಹಾಕಿದ ಮೇಲೆಯೂ ಸಣ್ಣ ಕರುಳಿನಿಂದ ಮೇದೋಜೀರಕಾಂಗಕ್ಕೆ ಸಂದೇಶ ತಲಪುವುದನ್ನು ತೋರಿಸಿದರು. ರಕ್ತದಲ್ಲಿ ಹರಿದುಹೋದ ಒಂದು ರಾಸಾಯನಿಕವಸ್ತುವೇ ಅಲ್ಲಿ ದೂತನಾಗಿತ್ತು. ಇಂತಹ ದೂತವಸ್ತುಗಳಿಗೆ 1905ರಲ್ಲಿ ಹಾರ್ಮೋನು ಎಂಬ ಹೆಸರು ಬಂದಿತು. ಇದು ದೂರದ ಸಂವಾದ. ನೆರೆಹೊರೆಯ ಸಂವಾದಕ್ಕೆ 1907ರ ಒಂದು ಪ್ರಯೋಗವನ್ನು ಉದಾಹರಿಸಬಹುದು. ಅಮೆರಿಕದ ಎಚ್. ವಿ. ವಿಲ್ಸನ್ನನು ಸ್ಪಂಜುಪ್ರಾಣಿಯನ್ನು ನವಿರಾದ ಬಟ್ಟೆಯ ಮೂಲಕ ಹಿಂಡಿ ಬಿಡಿಬಿಡಿ ಕೋಶಗಳನ್ನಾಗಿ ಮಾಡಿದನು. ಚೆದರಿದ ಕೋಶಗಳು ಒಂದನ್ನೊಂದು ಅರಸಿ ಸೇರಿ ಪುನಃ ಸ್ಪಂಜುಗಳಾದುವು. 1955ರಲ್ಲಿ ಟೌನ್ಸ್ ಮತ್ತು ಹೋಲ್ಟ್‌ಫ್ರೆಟರ್ ಉಭಯಚರಗಳ ಭ್ರೂಣದ ಬೇರೆಬೇರೆ ಪದರಗಳ ಕೋಶಗಳನ್ನು ಬಿಡಿಸಿ ಕಲಸಿದಾಗ, ಅವು ತಮ್ಮತಮ್ಮ ಜಾತಿಯನ್ನು ಗುರುತಿಸಿಕೊಂಡು, ತಮ್ಮತಮ್ಮ ಸ್ಥಾನಗಳಲ್ಲಿ ಪುನಃ ನಿಂತುವು.

ಈ ಗುರುತಿಸುವಿಕೆಯ ಸಾಧನವು ಮುಂದೆ ಪತ್ತೆಯಾಯಿತು. ಜಪಾನಿನ ಮಸತೋಶಿ ತಾಕೆಇಚಿಯವರು 1970 ಮತ್ತು 1980ರ ದಶಕಗಳಲ್ಲಿ ನಡೆಸಿದ ಸಂಶೋಧನೆಯಿಂದ, ಕೋಶಪೊರೆಯ ಮೇಲೆ ಕ್ಯಾಡ್‌ಹೆರಿನ್ ಎಂಬ ಪ್ರೋಟೀನುಗಳಿರುವುದೂ, ಕ್ಯಾಲ್ಸಿಯಂ ಇದ್ದಾಗ ಅವು ನೆರೆಯ ಕೋಶದ ತಮ್ಮಂತಹವೇ ಆದ ಪ್ರೋಟೀನುಗಳ ಕೈ ಹಿಡಿಯುವುದೂ ತಿಳಿದುಬಂದುವು. ಇಷ್ಟೇ ಅಲ್ಲದೆ, ಕೆಲವು ಕೋಶಗಳ ನಡುವೆ ನೇರವಾದ ಸಣ್ಣ ಕಾಲುವೆಗಳೂ ಉಂಟು. ಹೃದಯದ ಮಾಂಸಕೋಶಗಳು ಒಂದೇ ತಾಳಕ್ಕೆ ಮಿಡಿಯುವುದು, ಈ ಕಾಲುವೆಗಳ ಮೂಲಕ ವಿದ್ಯುತ್ಸಂಜ್ಞೆಯು ಕೋಶದಿಂದ ಕೋಶಕ್ಕೆ ಹರಿಯುವುದರಿಂದಲೇ.

ಇನ್ನು ಆಧಾರದ್ರವ್ಯದ ವಿಷಯಕ್ಕೆ ಬರೋಣ. 1747ರಲ್ಲಿ ಜೇಮ್ಸ್ ಲಿಂಡ್ ಎಂಬ ನೌಕಾವೈದ್ಯನು ಸ್ಕರ್ವಿ ಹಿಡಿದ ಹನ್ನೆರಡು ಮಂದಿಯನ್ನು ಇಬ್ಬಿಬ್ಬರಂತೆ ಆರು ಭಾಗ ಮಾಡಿ, ಒಂದೊಂದು ಭಾಗಕ್ಕೆ ಒಂದೊಂದು ಚಿಕಿತ್ಸೆ ನಡೆಸಿದನು. ಕಿತ್ತಳೆ ಮತ್ತು ನಿಂಬೆಯ ಜಾತಿಯ ಹಣ್ಣು ತಿಂದ ಇಬ್ಬರು ಬೇಗನೆ ಚೇತರಿಸಿಕೊಂಡರು. ಮದ್ದು ತಿಳಿಯಿತು, ರೋಗದ ಸ್ವರೂಪ ತಿಳಿಯಲಿಲ್ಲ. 1926ರಲ್ಲಿ ವೋಲ್ಬಾಕ್ ಮತ್ತು ಹೋವ್ ಎಂಬ ಅಮೆರಿಕದ ವಿದ್ವಾಂಸರು ಗಿನಿಯಿಲಿಗಳಲ್ಲಿ ಸ್ಕರ್ವಿಯನ್ನು ಉಂಟುಮಾಡಿ ಪರೀಕ್ಷಿಸಿದಾಗ, ಕೋಶಗಳು ಇದ್ದೇ ಇದ್ದುವೆಂದೂ ಅವುಗಳ ನಡುವಣ ದ್ರವ್ಯ ಮಾತ್ರ ನಿರ್ಮಾಣವಾಗುತ್ತಿರಲಿಲ್ಲವೆಂದೂ ಸ್ಪಷ್ಟವಾಯಿತು. ಇಟ್ಟಿಗೆಗಳಿಗೆ ಕೊರತೆಯಿರಲಿಲ್ಲ, ಗಾರೆಯಿರಲಿಲ್ಲ. ರೋಗದ ನೆಲೆಯು ಕೋಶಗಳ ನಡುವೆಯೂ ಇರಬಹುದೆಂಬುದು ಇದರಿಂದ ವ್ಯಕ್ತವಾಯಿತು.

ಈ ದ್ರವ್ಯದ ಪ್ರಧಾನ ಘಟಕವು ಕೊಲಾಜೆನ್ ಎಂಬ ಪ್ರೋಟೀನು. ನಮ್ಮ ದೇಹದ ಒಟ್ಟು ಪ್ರೋಟೀನಿನಲ್ಲಿ ಇದು ಹೆಚ್ಚುಕಡಮೆ ಮೂರನೆಯ ಒಂದು ಭಾಗದಷ್ಟಿದೆ. ಚರ್ಮ, ಎಲುಬು, ಸ್ನಾಯುರಜ್ಜುಗಳಿಗೆ ಬಲವನ್ನು ಕೊಡುವುದು ಇದೇ. ತೊಗಲನ್ನೂ ಎಲುಬನ್ನೂ ಬೇಯಿಸಿ ತೆಗೆಯುವ ಅಂಟೂ ಇದರಿಂದಲೇ ಬರುತ್ತದೆ. ಇದರ ರಚನೆಯನ್ನು ಬಿಡಿಸಿದ ಕೀರ್ತಿಯು ನಮ್ಮ ದೇಶಕ್ಕೂ ಸಲ್ಲುತ್ತದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಸರ್ ಸಿ. ವಿ. ರಾಮನ್ನರ ಶಿಷ್ಯರಾಗಿದ್ದ ಜಿ. ಎನ್. ರಾಮಚಂದ್ರನ್ ಅವರು ಮದರಾಸು ವಿಶ್ವವಿದ್ಯಾನಿಲಯದಲ್ಲಿ ಗೋಪಿನಾಥ ಕರ್ತರೊಡನೆ ಕೆಲಸಮಾಡಿ, ಕೊಲಾಜೆನ್ ಮೂರು ಎಳೆಗಳ ಹುರಿಯೆಂಬುದನ್ನು 1954ರಲ್ಲಿ ಪ್ರತಿಪಾದಿಸಿದರು; ಮರುವರ್ಷ ಅದನ್ನು ಇನ್ನಷ್ಟು ತಿದ್ದಿ ಪ್ರಕಟಿಸಿದರು. ಪ್ರತಿ ಎಳೆಯಲ್ಲಿಯೂ ಮೂರಕ್ಕೊಂದರಂತೆ ಗ್ಲೈಸಿನ್ ಎಂಬ ಅತ್ಯಂತ ಚಿಕ್ಕ ಅಮೈನೊ ಆಮ್ಲವು ಬರುವುದರಿಂದಲೇ ಮೂರು ಎಳೆಗಳೂ ಅಷ್ಟು ಒತ್ತಾಗಿ ಹೊಸೆದುಕೊಳ್ಳಲು ಸಾಧ್ಯವಾಗಿದೆ.

ಈ ಹುರಿಯು ದೇಹದ ಉಷ್ಣತೆಯಲ್ಲಿ ಬಿಚ್ಚಿಕೊಳ್ಳದೆ ನಿಲ್ಲಬೇಕಾದರೆ, ಎಳೆಗಳಲ್ಲಿರುವ ಪ್ರೋಲಿನ್ ಎಂಬ ಅಮೈನೊ ಆಮ್ಲಕ್ಕೆ ಆಮ್ಲಜನಕ ಮತ್ತು ಜಲಜನಕಗಳ ಒಂದು ಜೋಡಿಯು ಸೇರಿಕೊಳ್ಳಬೇಕು. ಇದನ್ನು ಸೇರಿಸುವ ಕಿಣ್ವವು ಸಿ ಜೀವಸತ್ವವಿಲ್ಲದೆ ಕೆಲಸಮಾಡಲಾರದು. ಸಿ ಜೀವಸತ್ವವು ತೀರಿಹೋದ ದೇಹದಲ್ಲಿ ಹೊಸ ಕೊಲಾಜೆನ್ ನಿಲ್ಲುವುದಿಲ್ಲ. ಹಳೆಯದು ಎಂದಿನಂತೆ ಸವೆಯುತ್ತಲೇ ಇರುತ್ತದೆ. ವೃದ್ಧ ಸೈನಿಕನ ಗಾಯದ ರಹಸ್ಯವಿದು. ಮಾಯ್ದ ಗಾಯವೆಂಬುದು ಮುಗಿದುಹೋದ ಕಾರ್ಯವಲ್ಲ. ಐವತ್ತು ವರ್ಷಗಳ ಕಾಲ ಅವನ ಕೋಶಗಳು ಆ ಕಲೆಯನ್ನು ಕೆಡವುತ್ತಲೂ ಕಟ್ಟುತ್ತಲೂ ಇದ್ದುವು. ಕಟ್ಟುವುದು ನಿಂತಿತು, ಕೆಡವುವುದು ನಿಲ್ಲಲಿಲ್ಲ.

ಇಷ್ಟರಿಂದ ಕೋಶಗಳು ದ್ರವ್ಯವನ್ನು ನಿರಂತರವಾಗಿ ಪೋಷಿಸುತ್ತವೆಂದು ಸಿದ್ಧವಾಯಿತು. ದ್ರವ್ಯವು ಕೋಶಗಳಿಗೆ ಏನನ್ನಾದರೂ ಹೇಳುತ್ತದೆಯೆ? 1973ರಲ್ಲಿ ರಿಚರ್ಡ್ ಹೈನ್ಸ್ ಮೊದಲಾದವರು, ಸಹಜವಾದ ಕೋಶಗಳ ಹೊರಮೈಯಲ್ಲಿದ್ದು, ವೈರಸ್ಸಿನಿಂದ ಕ್ಯಾನ್ಸರ್ ಸ್ವಭಾವಕ್ಕೆ ತಿರುಗಿದ ಕೋಶಗಳಲ್ಲಿ ಇಲ್ಲವಾಗುವ ಒಂದು ದೊಡ್ಡ ಪ್ರೋಟೀನನ್ನು ಕಂಡರು. ಅದಕ್ಕೆ ಮುಂದೆ ಫೈಬ್ರೊನೆಕ್ಟಿನ್ ಎಂಬ ಹೆಸರಾಯಿತು. 1984ರಲ್ಲಿ ಪಿಯರ್ಶ್‌ಬಾಕರ್ ಮತ್ತು ರುವೊಸ್ಲಾಟಿ, ಎರಡು ಸಾವಿರಕ್ಕೂ ಹೆಚ್ಚು ಅಮೈನೊ ಆಮ್ಲಗಳುಳ್ಳ ಈ ಪ್ರೋಟೀನಿನಲ್ಲಿ ಕೋಶವು ಮುಖ್ಯವಾಗಿ ಗುರುತಿಸುವುದು ಅರ್ಜಿನಿನ್, ಗ್ಲೈಸಿನ್, ಅಸ್ಪಾರ್ಟಿಕ್ ಆಮ್ಲ ಎಂಬ ಮೂರರ ಸರಣಿಯನ್ನೆಂದು ತೋರಿಸಿದರು. ಗಾರೆಯಲ್ಲಿ ಮೂರಕ್ಷರದ ಬರಹವೊಂದು ಕಂಡಂತಾಯಿತು.

ಆ ಬರಹವನ್ನು ಓದುವ ಸಾಧನಕ್ಕೆ 1986ರಲ್ಲಿ ಇಂಟೆಗ್ರಿನ್ ಎಂಬ ಹೆಸರನ್ನಿಟ್ಟರು. ಇದು ಕೋಶಪೊರೆಯನ್ನು ಹಾದು ನಿಂತಿರುವ ಪ್ರೋಟೀನು. ಇದರ ಒಂದು ತುದಿ ಹೊರಗಿನ ನಾರುಗಳನ್ನೂ, ಇನ್ನೊಂದು ತುದಿ ನಡುವಣ ಕೆಲವು ಪ್ರೋಟೀನುಗಳ ಮೂಲಕ ಕೋಶದ ಒಳಗಿನ ಅಸ್ಥಿಪಂಜರವನ್ನೂ ಹಿಡಿದಿರುತ್ತದೆ. ಹೊರಗಿನ ಎಳೆತವು ಒಳಗೆ ಸಂಜ್ಞೆಯಾಗುತ್ತದೆ. ಒಳಗಿನ ಸ್ಥಿತಿಗೆ ತಕ್ಕಂತೆ ಹೊರಗಿನ ಹಿಡಿತವು ಬಿಗಿಯಾಗುತ್ತದೆ ಅಥವಾ ಸಡಿಲುತ್ತದೆ. ಮನುಷ್ಯನಲ್ಲಿ ಇಂತಹ 24 ಇಂಟೆಗ್ರಿನ್‌ಗಳಿವೆ. ಇದಕ್ಕೆ ಮುಂಚೆಯೇ, 1982ರಲ್ಲಿ, ಮೀನಾ ಬಿಸ್ಸೆಲ್ ಮತ್ತು ಅವರ ಸಹೋದ್ಯೋಗಿಗಳು, ದ್ರವ್ಯದ ಮಾತು ಕೋಶಕೇಂದ್ರದ ವಂಶವಾಹಿಗಳವರೆಗೂ ಮುಟ್ಟಿ, ಅಲ್ಲಿಂದ ಹೊರಟ ಉತ್ತರವು ಪುನಃ ದ್ರವ್ಯವನ್ನು ಮಾರ್ಪಡಿಸುತ್ತದೆಂಬ ವಾದವನ್ನು ಮಂಡಿಸಿದ್ದರು.

ಅನಂತರದ ಮೂರು ಸಂಗತಿಗಳು ಈ ವಾದದ ಮಹತ್ತ್ವವನ್ನು ಎತ್ತಿತೋರುತ್ತವೆ. ಆಧಾರದ್ರವ್ಯದಿಂದ ಕಿತ್ತುಬಂದ ಹಲವು ಬಗೆಯ ಕೋಶಗಳು ಆಹಾರಕ್ಕೆ ಕೊರತೆಯಿಲ್ಲದಿದ್ದರೂ ತಾವಾಗಿ ಸಾಯುತ್ತವೆ. ಇದನ್ನು 1994ರಲ್ಲಿ ವರ್ಣಿಸಿದ ಫ್ರಿಶ್ ಮತ್ತು ಫ್ರಾನ್ಸಿಸ್ ಇದಕ್ಕೆ ಮನೆಯಿಲ್ಲದ ಸ್ಥಿತಿ ಎಂಬರ್ಥದ ಗ್ರೀಕ್ ಮೂಲದ ಹೆಸರನ್ನಿಟ್ಟರು. ಈ ಮರಣವನ್ನು ತಪ್ಪಿಸಿಕೊಳ್ಳಲು ಕಲಿತ ಕ್ಯಾನ್ಸರ್ ಕೋಶವು ದೇಹದಲ್ಲಿ ಊರೂರು ಅಲೆಯಬಲ್ಲುದು. ಎರಡನೆಯದಾಗಿ, 1997ರಲ್ಲಿ ಬಿಸ್ಸೆಲ್ಲರ ಪ್ರಯೋಗಾಲಯದಲ್ಲಿ, ಸ್ತನದ ಕ್ಯಾನ್ಸರ್ ಸ್ವಭಾವದ ಕೋಶಗಳನ್ನು ಮೃದುವಾದ ಆಧಾರದ್ರವ್ಯದೊಳಗೆ ಬೆಳೆಸಿ ಒಂದು ಬಗೆಯ ಇಂಟೆಗ್ರಿನನ್ನು ತಡೆದಾಗ, ವಂಶವಾಹಿಗಳ ದೋಷವು ಹಾಗೆಯೇ ಇದ್ದರೂ ಕೋಶಗಳು ಸಹಜಕೋಶಗಳಂತೆ ಅಣಿಗೊಂಡುವು. ಇದು ಪ್ರಯೋಗಪಾತ್ರೆಯಲ್ಲಿ ಕಂಡ ಫಲವೇ ಹೊರತು ರೋಗಿಗಳಿಗೆ ದೊರೆತ ಚಿಕಿತ್ಸೆಯಲ್ಲವೆಂಬುದನ್ನು ಮರೆಯಲಾಗದು. ಮೂರನೆಯದಾಗಿ, 2006ರಲ್ಲಿ ಎಂಗ್ಲರ್, ಡಿಷರ್ ಮೊದಲಾದವರು ಒಂದೇ ಬಗೆಯ ಕಾಂಡಕೋಶಗಳನ್ನು ಒಂದೇ ಆಹಾರದಲ್ಲಿ, ಆದರೆ ಬೇರೆಬೇರೆ ಗಡಸುತನದ ನೆಲೆಗಳ ಮೇಲೆ ಬೆಳೆಸಿದರು. ಮಿದುಳಿನಷ್ಟು ಮೆತ್ತನೆಯ ನೆಲೆಯಲ್ಲಿ ಅವು ನರಕೋಶಗಳ ಲಕ್ಷಣವನ್ನೂ, ಮಾಂಸದಷ್ಟು ಬಿಗುವಾದ ನೆಲೆಯಲ್ಲಿ ಮಾಂಸಕೋಶಗಳ ಲಕ್ಷಣವನ್ನೂ, ಅದಕ್ಕೂ ಗಡುಸಾದ ನೆಲೆಯಲ್ಲಿ ಎಲುಬಿನ ಕೋಶಗಳ ಲಕ್ಷಣವನ್ನೂ ತಳೆದುವು. ನೆಲದ ಮೆದುತನ, ಬಿಗುಪುಗಳೂ ಒಂದು ಭಾಷೆಯಾಗಿದ್ದುವು.

ಹುಕ್ಕನ ಗೋಡೆಯು ಹೀಗೆ ಮೂರು ಶತಮಾನಗಳ ತರುವಾಯ ಶಾಸ್ತ್ರದ ಮುಂದೆ ಮಾತನಾಡುವ ವಸ್ತುವಾಗಿ ಬಂದು ನಿಂತಿತು. ಲ್ಯಾಟಿನ್ನಿನಲ್ಲಿ ಮೇಟ್ರಿಕ್ಸ್ ಎಂಬ ಪದವು ತಾಯಿಯೆಂಬರ್ಥದ ಪದದಿಂದ ಹುಟ್ಟಿದ್ದು, ಗರ್ಭವೆಂಬ ಅರ್ಥವನ್ನೂ ಉಳ್ಳದ್ದು. ನಮ್ಮ ಮಾತೃಕೆಯೂ ಅದೇ ಮನೆತನದ ಮಾತು. ಗಾರೆಯೆಂಬ ಹೋಲಿಕೆಯು ಮರೆಸಿದ್ದ ಅರ್ಥವು ಈ ಹೆಸರಿನಲ್ಲಿಯೇ ಅಡಗಿತ್ತು.

ಇತಿಹಾಸದ ಅಭ್ಯಾಸಿಗಳಾದ ನಮಗೆ ಇದರಲ್ಲಿ ಒಂದು ಪಾಠವುಂಟು. ಪ್ರಜೆಗಳನ್ನು ಎಣಿಸಿ ನೆಲವನ್ನು ಮರೆತ ಚರಿತ್ರೆಯು ಅಪೂರ್ಣವೆಂಬುದು ಆ ಪಾಠದ ಒಂದು ಭಾಗ. ಸಾಕ್ಷ್ಯವು ದೊರೆತ ಮಾತ್ರಕ್ಕೆ ಜ್ಞಾನವಾಗುವುದಿಲ್ಲವೆಂಬುದು ಇನ್ನೊಂದು. ಬಾಯ್ನ್ ಕದನದ ಗಾಯವು 1748ರಿಂದಲೂ ಅಚ್ಚಿನಲ್ಲಿತ್ತು. ಸ್ಕರ್ವಿಯ ವಿಚಿತ್ರ ಲಕ್ಷಣವೆಂದು ಅದನ್ನು ಓದಿದವರು ಅನೇಕರು. ಮಾಯ್ದ ಗಾಯವನ್ನು ಮಾಯ್ದಂತೆಯೇ ಇಟ್ಟಿದ್ದುದು ಯಾವುದೆಂದು ಕೇಳುವವರು ಬರುವವರೆಗೆ ಆ ಪುಟವು ಕಾದಿರಬೇಕಾಯಿತು.