ಬೆಳ್ಳಿ ಅಂಚಿನ ಕಾರ್ಡು ಕಮಾಂಡರ್‌ನಲ್ಲಿ ನಡೆಯುತ್ತಾ?

ಕಮಾಂಡರ್ ಆಡೋರ ನಡುವೆ ಮತ್ತೆ ಮತ್ತೆ ಏಳೋ ಪ್ರಶ್ನೆ ಇದು: ಬೆಳ್ಳಿ ಅಂಚಿನ ತಮಾಷೆ ಕಾರ್ಡುಗಳನ್ನ ಡೆಕ್‌ಗೆ ಹಾಕ್ಕೋಬಹುದಾ? ನಿಯಮದ ಉತ್ತರ ಚಿಕ್ಕದು. ಇಲ್ಲ, ಆದರೆ ಕೂತಿರೋ ಎಲ್ಲರೂ ಒಪ್ಪಿದ್ರೆ ಆಡಬಹುದು. ಎಲ್ಲರೂ ಒಪ್ಪಿದ ಮೇಲೆ ಏನು ಬೇಕಾದ್ರೂ ಆಡಬಹುದಲ್ಲ, ಮತ್ತೆ ಆ 'ಇಲ್ಲ' ಯಾಕೆ? ನಮ್ಮ ಹಾಸ್ಟೆಲ್ ಗುಂಪಲ್ಲಿ ಇಂಟರ್ನಲ್ಸ್ ಮುಗಿದರೂ ಈ ವಾದ ಮುಗಿದಿಲ್ಲ. ಆ 'ಇಲ್ಲ' ಇರಲೇಬೇಕು ಅನ್ನೋದು ನಮ್ಮ ಅಭಿಪ್ರಾಯ. ಆದರೆ ಸಾಮಾನ್ಯವಾಗಿ ಹೇಳೋ ಹಾಗೆ 'ಆ ಕಾರ್ಡುಗಳು ಹುಚ್ಚುಚ್ಚಾಗಿವೆ' ಅನ್ನೋ ಕಾರಣಕ್ಕಲ್ಲ.

ಆಟ ಗೊತ್ತಿಲ್ಲದವರಿಗೆ ಸ್ವಲ್ಪ ಹಿನ್ನೆಲೆ. ಮ್ಯಾಜಿಕ್: ದ ಗ್ಯಾದರಿಂಗ್ ಅನ್ನೋದು ಅಮೆರಿಕದ ವಿಜರ್ಡ್ಸ್ ಆಫ್ ದ ಕೋಸ್ಟ್ ಕಂಪನಿ 1993ರಲ್ಲಿ ತಂದ ಕಾರ್ಡ್ ಆಟ. ಮಾಡಿದವರು ರಿಚರ್ಡ್ ಗಾರ್ಫೀಲ್ಡ್, ಕಾಂಬಿನೇಟರಿಕ್ಸ್‌ನಲ್ಲಿ ಪಿಎಚ್‌ಡಿ ಮಾಡಿದವರು. (ಡಿಸ್ಕ್ರೀಟ್ ಮ್ಯಾಥ್ಸ್ ಯಾವುದಕ್ಕೂ ಉಪಯೋಗಕ್ಕೆ ಬರಲ್ಲ ಅನ್ನೋರು ದಯವಿಟ್ಟು ಗಮನಿಸಿ.) ಇಸ್ಪೀಟಿನ ಹಾಗಲ್ಲ ಇದು. ಪ್ರತಿ ಕಾರ್ಡಿನ ಮೇಲೂ ಅದು ಏನು ಮಾಡುತ್ತೆ ಅಂತ ಬರೆದಿರುತ್ತೆ. ಕಾರ್ಡಿನ ಮಾತಿಗೂ ನಿಯಮಪುಸ್ತಕಕ್ಕೂ ತಿಕ್ಕಾಟ ಬಂದ್ರೆ ಗೆಲ್ಲೋದು ಕಾರ್ಡು. ಕಮಾಂಡರ್ ಅನ್ನೋದು ಇದೇ ಆಟವನ್ನ ಆಡೋ ಒಂದು ಬಗೆ. ಸಾಮಾನ್ಯವಾಗಿ ನಾಲ್ಕು ಜನ, ಒಬ್ಬೊಬ್ಬರಿಗೆ 100 ಕಾರ್ಡಿನ ಡೆಕ್, ಬೇಸಿಕ್ ಲ್ಯಾಂಡ್ ಬಿಟ್ರೆ ಯಾವ ಕಾರ್ಡೂ ಎರಡು ಸಲ ಬರೋ ಹಾಗಿಲ್ಲ, ಶುರುವಿಗೆ 40 ಲೈಫ್. ಡೆಕ್‌ಗೆ ಒಬ್ಬ ನಾಯಕ ಇರ್ತಾನೆ, ಅವನೇ ಕಮಾಂಡರ್. ಟೂರ್ನಮೆಂಟ್ ಗೆಲ್ಲೋಕೆ ಅಂತ ಹುಟ್ಟಿದ್ದಲ್ಲ ಇದು, ಸ್ನೇಹಿತರು ಕೂತು ಸಂಜೆ ಕಳೆಯೋಕೆ ಹುಟ್ಟಿದ್ದು.

ಇನ್ನು ಬೆಳ್ಳಿ ಅಂಚು. 1998ರಲ್ಲಿ ಕಂಪನಿ 'ಅನ್‌ಗ್ಲೂಡ್' ಅಂತ ಒಂದು ಸೆಟ್ ಬಿಟ್ಟಿತು. ತನ್ನ ಆಟವನ್ನ ತಾನೇ ಗೇಲಿ ಮಾಡ್ಕೊಳ್ಳೋ ಕಾರ್ಡುಗಳು. ಟೂರ್ನಮೆಂಟ್‌ಗೆ ಇವು ಸಲ್ಲಲ್ಲ ಅಂತ ದೂರದಿಂದಲೇ ಗೊತ್ತಾಗಲಿ ಅಂತ ಕಪ್ಪು ಅಂಚಿನ ಬದಲು ಬೆಳ್ಳಿ ಅಂಚು ಹಾಕಿದ್ರು. ಆಮೇಲೆ 2004ರಲ್ಲಿ ಅನ್‌ಹಿಂಜ್ಡ್, 2017ರಲ್ಲಿ ಅನ್‌ಸ್ಟೇಬಲ್, 2020ರಲ್ಲಿ ಅನ್‌ಸ್ಯಾಂಕ್ಷನ್ಡ್ ಬಂದವು.

ಒಂದೊಂದೂ ಓದೋಕೇ ಮಜಾ. 'ಹರ್ಲೂನ್ ರ‍್ಯಾಂಗ್ಲರ್' ಅನ್ನೋ ಕಾರ್ಡಿಗೆ ಡೆನಿಮ್‌ವಾಕ್ ಅನ್ನೋ ಶಕ್ತಿ ಇದೆ. ಎದುರಾಳಿ ಡೆನಿಮ್ ಬಟ್ಟೆ ಹಾಕಿದ್ರೆ ಇದನ್ನ ಬ್ಲಾಕ್ ಮಾಡೋಕಾಗಲ್ಲ. ನಮ್ಮ ಕ್ಯಾಂಪಸ್‌ನಲ್ಲಿ ಇದಕ್ಕೆ ತಡೆಯೇ ಇಲ್ಲ ಬಿಡಿ. 'ಆಶ್ನಾಡ್ಸ್ ಕೂಪನ್' ಆಡಿದ್ರೆ ನೀವು ಹೇಳಿದ ಆಟಗಾರ ಎದ್ದು ಹೋಗಿ ನಿಮಗೆ ಕುಡಿಯೋಕೆ ಏನಾದ್ರೂ ತಂದುಕೊಡಬೇಕು, ದುಡ್ಡು ಮಾತ್ರ ನಿಮ್ಮದೇ. 'ಚೀಟಿಫೇಸ್' ಅನ್ನೋದನ್ನ ಯಾರೂ ನೋಡದಾಗ ಮೆಲ್ಲಗೆ ಟೇಬಲ್ ಮೇಲೆ ಇಟ್ಟುಬಿಡಬಹುದು, ಕೂಡಲೇ ಸಿಕ್ಕಿಬಿದ್ರೆ ಹೋಯ್ತು. 'ಕೇಯಾಸ್ ಕಾನ್‌ಫೆಟ್ಟಿ'ಯನ್ನ ಹರಿದು ಚೂರು ಮಾಡಿ ಐದು ಅಡಿ ದೂರದಿಂದ ಟೇಬಲ್ ಮೇಲೆ ಎಸೀಬೇಕು, ಚೂರು ಯಾವ್ಯಾವುದಕ್ಕೆ ತಾಗುತ್ತೋ ಅದೆಲ್ಲ ನಾಶ. ನಾವು ಆಡೋದು ಹೆಚ್ಚಾಗಿ ಜೆರಾಕ್ಸ್ ಅಂಗಡಿಯಲ್ಲಿ ಪ್ರಿಂಟ್ ತೆಗೆದ ಕಾರ್ಡುಗಳಲ್ಲಿ, ಹಾಗಾಗಿ ಹರಿಯೋಕೆ ಹೊಟ್ಟೆ ಉರಿಯಲ್ಲ. ಆದರೆ ಆಮೇಲೆ ಗುಡಿಸೋರು ಯಾರು ಅನ್ನೋದು ಕಾರ್ಡಿನಲ್ಲಿ ಬರೆದಿಲ್ಲ.

ಈ ಕಾರ್ಡುಗಳಲ್ಲಿ ಯಾವುದೂ ಅಷ್ಟೇನೂ ಬಲಶಾಲಿಯಲ್ಲ, ಗಮನಿಸಿ. ತೊಂದರೆ ಇರೋದು ಬಲದಲ್ಲಲ್ಲ. ಅವು ಆಟದಿಂದ ಆಚೆ ಕೈ ಚಾಚುತ್ತವೆ: ನಿಮ್ಮ ಪ್ಯಾಂಟು, ನಿಮ್ಮ ಕಾಲು, ನಿಮ್ಮ ರೂಮಿನ ನೆಲ. ಕಾರ್ಡ್ ಆಡೋಕೆ ಕೂತವನು ಕಾರ್ಡ್ ಸೋಲೋಕೆ ಒಪ್ಪಿರ್ತಾನೆ, ಟೀ ತರೋಕೆ ಒಪ್ಪಿರಲ್ಲ.

ಹಾಗಂತ ಬೆಳ್ಳಿ ಅಂಚಿರೋದೆಲ್ಲ ಇದೇ ಥರ ಅಂತಲ್ಲ. ಅನ್‌ಸ್ಟೇಬಲ್‌ನ 'ಬ್ಯಾರನ್ ವಾನ್ ಕೌಂಟ್' ನೋಡಿ. ಕಾರ್ಡಿನ ಮೇಲೆ 5ರಿಂದ 1ರವರೆಗೆ ಅಂಕಿಗಳಿವೆ, 5ರ ಮೇಲೆ ಒಂದು ಕೌಂಟರ್ ಕೂತಿರುತ್ತೆ. ನೀವು ಆಡೋ ಕಾರ್ಡಿನ ಬೆಲೆಯಲ್ಲೋ, ಬರಹದಲ್ಲೋ, ಪವರ್ ಅಥವಾ ಟಫ್‌ನೆಸ್‌ನಲ್ಲೋ ಆ ಅಂಕಿ ಅಚ್ಚಾಗಿದ್ರೆ ಕೌಂಟರ್ ಒಂದು ಮನೆ ಸರಿಯುತ್ತೆ. 1ನ್ನೂ ದಾಟಿದಾಗ ಒಬ್ಬ ಆಟಗಾರ ಔಟ್, ಕೌಂಟರ್ ಮತ್ತೆ 5ಕ್ಕೆ. ಇದನ್ನ ಕಮಾಂಡರ್ ಮಾಡಿಕೊಂಡು ಡೆಕ್ ಕಟ್ಟೋದು ಒಂದು ಒಳ್ಳೆ ಆಪ್ಟಿಮೈಸೇಶನ್ ಪ್ರಾಬ್ಲಮ್. ಎದುರಿನವರಿಂದ ಇದು ವಿಶೇಷವಾಗಿ ಏನನ್ನೂ ಕೇಳಲ್ಲ, ಅವರಿಗೂ ಕೌಂಟರ್ ಎಲ್ಲಿದೆ ಅಂತ ಕಾಣ್ತಿರುತ್ತೆ. ಆದರೂ ಅಂಚು ಬೆಳ್ಳಿ, ಹಾಗಾಗಿ ಕೂಪನ್‌ಗೂ ಇದಕ್ಕೂ ಒಂದೇ ಶಿಕ್ಷೆ.

ಅಂದ್ರೆ ಅಂಚಿನ ಬಣ್ಣ ಅಷ್ಟು ಒಳ್ಳೆ ಅಳತೆಗೋಲಲ್ಲ. ಇತಿಹಾಸ ನೋಡಿದ್ರೂ ಅಷ್ಟೇ. ಅನ್‌ಗ್ಲೂಡ್‌ನಲ್ಲಿ 'ದ ಚೀಸ್ ಸ್ಟ್ಯಾಂಡ್ಸ್ ಅಲೋನ್' ಅಂತ ಒಂದು ಕಾರ್ಡಿತ್ತು: ಕೈಯಲ್ಲಿ ಏನೂ ಇಲ್ಲ, ಟೇಬಲ್ ಮೇಲೆ ಇದೊಂದೇ ಉಳಿದಿದೆ ಅಂದ್ರೆ ನೀವು ಗೆದ್ದಂತೆ. 2007ರಲ್ಲಿ ಹೆಚ್ಚುಕಮ್ಮಿ ಅದೇ ಕಾರ್ಡು 'ಬ್ಯಾರನ್ ಗ್ಲೋರಿ' ಅನ್ನೋ ಗಂಭೀರ ಹೆಸರಲ್ಲಿ ಕಪ್ಪು ಅಂಚು ಹಾಕ್ಕೊಂಡು ಬಂತು. ದಾಳ ಉರುಳಿಸೋದು ಎಷ್ಟೋ ವರ್ಷ ತಮಾಷೆ ಸೆಟ್‌ಗಳ ಸೊತ್ತಾಗಿತ್ತು. 2021ರಲ್ಲಿ ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಹೆಸರಿನ ಸೆಟ್‌ನಲ್ಲಿ 20 ಮುಖದ ದಾಳ ರಾಜಮರ್ಯಾದೆಯಿಂದ ಒಳಗೆ ಬಂತು. ಉಲ್ಟಾ ಉದಾಹರಣೆಯೂ ಇದೆ. 1993ರ 'ಕೇಯಾಸ್ ಆರ್ಬ್' ಪೂರಾ ಅಸಲಿ ಕಾರ್ಡು. ಒಂದಡಿ ಎತ್ತರದಿಂದ ತಿರುಗಿಸಿ ಬೀಳಿಸಬೇಕು, ಯಾವುದಕ್ಕೆ ತಾಗುತ್ತೋ ಅದು ನಾಶ. ಕೈಚಳಕ ಕೇಳುತ್ತೆ ಅನ್ನೋ ಕಾರಣಕ್ಕೆ ಅದು ಕಮಾಂಡರ್‌ನಲ್ಲಿ ಬ್ಯಾನ್.

ಕಂಪನಿಗೂ ಇದು ಅರ್ಥವಾಗಿರಬೇಕು. 2022ರ ಅನ್‌ಫಿನಿಟಿಯಲ್ಲಿ ಬೆಳ್ಳಿ ಅಂಚನ್ನೇ ಬಿಟ್ಟರು. ಎಲ್ಲದಕ್ಕೂ ಮಾಮೂಲಿ ಅಂಚು, ಆದರೆ ಕೆಲವಕ್ಕೆ ಕೆಳಗಡೆ ಏಕಾರ್ನ್ ಕಾಯಿಯ ಆಕಾರದ ಪುಟ್ಟ ಮುದ್ರೆ. ಮುದ್ರೆ ಇದ್ರೆ ತಮಾಷೆಗೆ ಮಾತ್ರ, ಇಲ್ಲದಿದ್ರೆ ಕಮಾಂಡರ್, ಲೆಗಸಿ, ವಿಂಟೇಜ್ ಎಲ್ಲಕ್ಕೂ ಸಲ್ಲುತ್ತೆ. ಈ ಗೆರೆಯೂ ಸರಿಯಾಗಿ ನಿಲ್ಲಲಿಲ್ಲ. ಮುದ್ರೆ ಇಲ್ಲದ ಒಂದು ಗಾಬ್ಲಿನ್ ಕಾರ್ಡು ಲೆಗಸಿಯಲ್ಲಿ ಓಡತೊಡಗಿತು. ಅದರ ಹೆಸರಲ್ಲೇ ಒಂದು ಬಿಟ್ಟ ಸ್ಥಳ. ಅಲ್ಲಿ ಸ್ಟಿಕ್ಕರ್ ಅಂಟಿಸಿ, ಆ ಸ್ಟಿಕ್ಕರ್‌ನಲ್ಲಿ ಎಷ್ಟು ಬೇರೆಬೇರೆ ಸ್ವರಾಕ್ಷರ ಇವೆಯೋ ಅಷ್ಟು ಕೆಂಪು ಮನಾ ತಗೋಬೇಕು. (ಇದನ್ನ ಕನ್ನಡದಲ್ಲಿ ಆಡಿದ್ರೆ ಕಾಗುಣಿತ ಲೆಕ್ಕಕ್ಕೆ ಬರುತ್ತಾ ಅಂತ ನಮ್ಮ ಕನ್ನಡ ಸಂಘ ಒಂದು ಮೀಟಿಂಗ್ ಕರೀಬೇಕು.) ಕೊನೆಗೆ 2024ರ ಮೇ ತಿಂಗಳಲ್ಲಿ ಸ್ಟಿಕ್ಕರ್ ತರೋ ಕಾರ್ಡುಗಳನ್ನೆಲ್ಲ ಲೆಗಸಿ, ವಿಂಟೇಜ್, ಪಾಪರ್ ಮೂರರಲ್ಲೂ ಬ್ಯಾನ್ ಮಾಡಿದ್ರು. ಕಮಾಂಡರ್‌ಗೆ ಆ ಬ್ಯಾನ್ ತಾಗಲಿಲ್ಲ.

ಗೆರೆ ಎಲ್ಲಿ ಎಳೆದ್ರೂ ತಪ್ಪುತ್ತೆ ಅಂದಮೇಲೆ ಎಲ್ಲವನ್ನೂ ಬಿಟ್ಟುಬಿಡಿ, ಬೇಡ ಅನ್ನೋರು ಬೇಡ ಅನ್ನಲಿ ಅಂತ ನಮ್ಮಲ್ಲಿ ಕೆಲವರು ವಾದಿಸ್ತಾರೆ. ಇದನ್ನ ನಿಜಕ್ಕೂ ಒಮ್ಮೆ ಮಾಡಿ ನೋಡಿದ್ದಾರೆ. ಆಗ ಕಮಾಂಡರ್ ನಿಯಮಗಳನ್ನ ನೋಡ್ಕೊಳ್ತಿದ್ದದ್ದು ಕಂಪನಿಯಲ್ಲ, ಆಟಗಾರರದೇ ಒಂದು ರೂಲ್ಸ್ ಕಮಿಟಿ. (2024ರ ಸೆಪ್ಟೆಂಬರ್ ಕೊನೆಗೆ ಆ ಜವಾಬ್ದಾರಿ ಕಂಪನಿಗೆ ಹೋಯ್ತು, ಅದು ಬೇರೆ ರಾಮಾಯಣ.) ಅನ್‌ಸ್ಟೇಬಲ್ ಬಂದ ಖುಷಿಗೆ ಕಮಿಟಿ 2017ರ ಡಿಸೆಂಬರ್‌ನಿಂದ 2018ರ ಜನವರಿ 15ರವರೆಗೆ ಬೆಳ್ಳಿ ಅಂಚಿಗೆ ಬಾಗಿಲು ತೆರೆಯಿತು. ಆಗಲೂ ಕೆಲವು ಕಾರ್ಡುಗಳನ್ನ ಹೊರಗೇ ಇಟ್ಟಿತ್ತು. ಅವಧಿ ಮುಗಿದ ಮೇಲೆ ಬಾಗಿಲು ಮುಚ್ಚಿತು.

ಮುಚ್ಚಿದ್ದೇ ಸರಿ ಅಂತ ನಮಗನಿಸುತ್ತೆ. ಗಲ್ಲಿ ಕ್ರಿಕೆಟ್ ನೆನಪಿಸಿಕೊಳ್ಳಿ. ಒನ್ ಪಿಚ್ ಕ್ಯಾಚ್ ಔಟಾ, ಕಾಂಪೌಂಡ್ ದಾಟಿದ್ರೆ ಸಿಕ್ಸಾ ಔಟಾ, ಇದೆಲ್ಲ ಬೀದಿಗೊಂದು ಥರ. ಹೊಸ ಬೀದಿಗೆ ಹೋದವನು ಮೊದಲು ಕೇಳ್ತಾನೆ, ಆಮೇಲೆ ಬ್ಯಾಟ್ ಹಿಡೀತಾನೆ. ಕೇಳೋ ಕೆಲಸ ಯಾರ ಮೇಲಿದೆ ಅನ್ನೋದೇ ಇಲ್ಲಿ ಮುಖ್ಯ. ಕಾರ್ಡು ನಿಯಮದಲ್ಲಿ ಇಲ್ಲ ಅಂದ್ರೆ, ತಂದವನು ಬಾಯಿಬಿಟ್ಟು ಕೇಳಬೇಕು. ಅವನಿಗೆ ಅದು ಕಷ್ಟವಲ್ಲ, ಅವನು ತೋರಿಸೋಕೇ ಕಾಯ್ತಿರ್ತಾನೆ. ಕಾರ್ಡು ನಿಯಮದಲ್ಲೇ ಇದೆ ಅಂದ್ರೆ, ಬೇಡದವನು ಬಾಯಿಬಿಡಬೇಕು. ಮೂರು ಜನ ನಗ್ತಾ ಕೂತಿರೋವಾಗ 'ನಂಗೆ ಇದು ಬೇಡ ಗುರು' ಅನ್ನೋದು ಫಸ್ಟ್ ಇಯರ್ ಹುಡುಗನಿಗೋ, ಅವತ್ತೇ ಪರಿಚಯವಾದ ಹುಡುಗಿಗೋ ಎಷ್ಟು ಕಷ್ಟ ಅಂತ ಹಾಸ್ಟೆಲ್‌ನಲ್ಲಿರೋ ಯಾರಿಗೂ ಬಿಡಿಸಿ ಹೇಳಬೇಕಿಲ್ಲ. 'ಲಿಸ್ಟ್‌ನಲ್ಲೇ ಇದೆಯಲ್ಲ' ಅಂದುಬಿಟ್ರೆ ಅವರ ಹತ್ರ ಮಾತೇ ಇರಲ್ಲ.

ಹಾಗಾದ್ರೆ ಕೇಳೋದು ಹೇಗೆ? ಆಟದ ಮುಂಚೆ ನಡೆಯೋ ಈ ಮಾತುಕತೆಗೆ ಆಟಗಾರರು ರೂಲ್ ಝೀರೋ ಅಂತಾರೆ. 'ಅನ್ ಕಾರ್ಡ್ ಆಡ್ಲಾ?' ಅಂತ ಕೇಳಿದ್ರೆ ಪ್ರಯೋಜನವಿಲ್ಲ. ಬ್ಯಾರನ್ ತಲೇಲಿ ಇಟ್ಕೊಂಡು ನೀವು ಕೇಳ್ತೀರ, ಕಾನ್‌ಫೆಟ್ಟಿ ತಲೇಲಿ ಇಟ್ಕೊಂಡು ಅವರು ಬೇಡ ಅಂತಾರೆ. ಕಾರ್ಡನ್ನೇ ಕೈಗೆ ಕೊಟ್ಟು ಓದಿಸಿ. ಡೆಕ್ ಒಳಗಿನ ಒಂದೆರಡು ಕಾರ್ಡಾದ್ರೆ ಬದಲಿ ಕಾರ್ಡು ಜೊತೆಗಿರಲಿ, ಬೇಡ ಅಂದ ಕೂಡಲೇ ತೆಗೆದು ಹಾಕಿದ್ರಾಯ್ತು. ಕಮಾಂಡರ್ರೇ ಬೆಳ್ಳಿ ಅಂಚಿನವನಾದ್ರೆ ಬದಲಿ ಕಾರ್ಡು ಸಾಲಲ್ಲ, ಯಾಕಂದ್ರೆ ಡೆಕ್‌ನ ಬಣ್ಣಗಳು ಅವನಿಂದಲೇ ಬರೋದು. ಇನ್ನೊಂದು ಪೂರ್ತಿ ಡೆಕ್ ಬ್ಯಾಗಲ್ಲಿರಬೇಕು. ಇಲ್ಲದಿದ್ರೆ ನೀವು ಕೇಳ್ತಿರೋದು ಅನುಮತಿಯಲ್ಲ, 'ಒಪ್ಪಿ, ಇಲ್ಲಾಂದ್ರೆ ನಾನು ಆಡಲ್ಲ' ಅಂತ.

ಅಂದಹಾಗೆ, ಅನ್‌ಗ್ಲೂಡ್, ಅನ್‌ಹಿಂಜ್ಡ್, ಅನ್‌ಸ್ಟೇಬಲ್ ಸೆಟ್‌ಗಳ ಚೆಂದದ ಫುಲ್ ಆರ್ಟ್ ಬೇಸಿಕ್ ಲ್ಯಾಂಡ್‌ಗಳಿಗೆ ಯಾರ ಒಪ್ಪಿಗೆಯೂ ಬೇಡ. ಅವಕ್ಕೆ ಬೆಳ್ಳಿ ಅಂಚಿಲ್ಲ, ಯಾವ ಟೇಬಲ್‌ನಲ್ಲಾದ್ರೂ ನಡೆಯುತ್ತವೆ.