ಕೊನೆ ಗೊತ್ತಿರುವ ಕಥೆಗೆ ಚಿತ್ರಕಥೆ ಬರೆಯುವುದು ಹೇಗೆ?

ನಿಪ್ಪಾಣಿಯಿಂದ ಹೆದ್ದಾರಿ ಹಿಡಿದರೆ ಕೊಲ್ಹಾಪುರ ಸುಮಾರು ಒಂದು ತಾಸಿನ ದಾರಿ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ (1934) ತಯಾರಾದದ್ದು ಅಲ್ಲಿನ ಛತ್ರಪತಿ ಸ್ಟುಡಿಯೊದಲ್ಲಿ. ಅದಕ್ಕೆ ಬರೆದವರು ಬೆಳ್ಳಾವೆ ನರಹರಿ ಶಾಸ್ತ್ರಿ, ನಾಟಕ ಕಂಪನಿಗಳಲ್ಲಿ ಪಳಗಿದ ಕೈ. ಪೌರಾಣಿಕ ಕಥೆಗಳಿಗೇ ಆಗ ಜನ ಮುಗಿಬೀಳುತ್ತಿದ್ದರು. ಸುಲೋಚನಾಳ ಗಂಡ ಇಂದ್ರಜಿತು ಸಾಯುತ್ತಾನೆಂಬುದು ಟಿಕೀಟು ಕೊಂಡವರಿಗೆಲ್ಲ ಮೊದಲೇ ಗೊತ್ತು. ಆದರೂ ಅವರನ್ನು ಕೊನೆಯವರೆಗೆ ಕೂರಿಸುವುದೇ ಬರಹಗಾರನ ಕೆಲಸ.

ಕೊರಿಯಾದ ಪಾರ್ಕ್ ಹೂನ್-ಜಂಗ್ ಮಾಡಿದ್ದೂ ಅದನ್ನೇ. ಅವರು ಬರೆದ ‘ಐ ಸಾ ದ ಡೆವಿಲ್’ (2010) ಚಿತ್ರದಲ್ಲಿ ಕೊಲೆಗಾರ ಯಾರೆಂಬುದು ಆರಂಭದಲ್ಲೇ ತಿಳಿಯುತ್ತದೆ. ನಾಯಕ ಅವನನ್ನು ಹಿಡಿದು, ಹೊಡೆದು, ಬೇಕೆಂದೇ ಬಿಟ್ಟುಬಿಡುತ್ತಾನೆ. ‘ಯಾರು’ ಎಂಬ ಪ್ರಶ್ನೆ ಹೋಗಿ ‘ಮುಂದೇನು’ ಎಂಬುದು ಉಳಿಯುತ್ತದೆ. ಬೇರೆ ನಿರ್ದೇಶಕರಿಗೆ ಬರೆದು ಹೆಸರು ಮಾಡಿದ ಪಾರ್ಕ್, ಆಮೇಲೆ ತಾವೇ ನಿರ್ದೇಶನಕ್ಕಿಳಿದು 2013ರಲ್ಲಿ ‘ನ್ಯೂ ವರ್ಲ್ಡ್’ ಮಾಡಿದರು.

ಅಥಣಿ, ರಾಯಬಾಗದಲ್ಲಿ ಕೂತು ಬರೆಯುವವರಿಗೂ ಕ್ರಮ ಇದೇ. ಮೊದಲು ಕಥೆಯ ಎಳೆ: ಯಾರಿಗೆ ಏನು ಬೇಕು, ಅಡ್ಡಿ ಯಾವುದು? ಎರಡೇ ಸಾಲಿನಲ್ಲಿ ಬರೆಯಿರಿ. ಆಮೇಲೆ ದೃಶ್ಯ ವಿಂಗಡಣೆ: ದೃಶ್ಯಕ್ಕೊಂದು ಚೀಟಿ. ಒಂದು ಚೀಟಿ ತೆಗೆದರೂ ಕಥೆ ಕೆಡದಿದ್ದರೆ ಆ ದೃಶ್ಯ ಬೇಡ. ಸಂಭಾಷಣೆ ಕೊನೆಗೆ.

ಬರೆಯುವಾಗ ಕಣ್ಣಿಗೆ ಕಾಣುವುದು, ಕಿವಿಗೆ ಕೇಳುವುದು ಇಷ್ಟೇ ಇರಲಿ. ಇಂದ್ರಜಿತುವಿನ ತುಂಡಾದ ತೋಳು ಹೆಂಡತಿಯ ಮುಂದೆ ಬಿದ್ದು ತಾನೇ ಸುದ್ದಿ ಬರೆಯಿತೆಂಬ ಕಥೆಯುಂಟು. ‘ಸುಲೋಚನಾಳಿಗೆ ಅಪಾರ ದುಃಖವಾಯಿತು’ ಎಂದು ಬರೆದರೆ ಕ್ಯಾಮೆರಾ ಹಿಡಿಯುವುದೇನನ್ನು? ಹೀಗೆ ಬರೆಯಬೇಕು: ‘ಅಂತಃಪುರದ ಅಂಗಳ. ಹಗಲು. ತೋಳು ಬೀಳುತ್ತದೆ. ದಾಸಿಯರು ಚೀರಿ ಓಡುತ್ತಾರೆ. ಸುಲೋಚನಾ ಮಾತ್ರ ಹತ್ತಿರ ಬಂದು, ಬೆರಳಿನ ಉಂಗುರ ನೋಡಿ, ಅಲ್ಲೇ ಕೂರುತ್ತಾಳೆ.’ ಮಾತೇ ಬೇಕಿಲ್ಲ.

ಇನ್ನು ಹಕ್ಕಿನ ಮಾತು. ಬರಿಯ ಐಡಿಯಾಕ್ಕೆ ಕಾನೂನಿನ ರಕ್ಷಣೆಯಿಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆ ಕಾಯುವುದು ಬರೆದಿಟ್ಟದ್ದನ್ನು. ಮುಂಬೈಯ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್‌ನಲ್ಲಿ ಸದಸ್ಯರು ಚಿತ್ರಕಥೆಯನ್ನು ಆನ್‌ಲೈನ್‌ನಲ್ಲೇ ನೋಂದಾಯಿಸಬಹುದು. ಚಿತ್ರಮಂದಿರದಾಚೆಗಿನ ಬಳಕೆಗೆ ರಾಯಧನ ಪಡೆಯುವ ಹಕ್ಕನ್ನು 2012ರ ತಿದ್ದುಪಡಿ ಬರಹಗಾರರಿಗೆ ಕೊಟ್ಟಿದೆ. ಆದ್ದರಿಂದ ನಿರ್ಮಾಪಕರ ಮುಂದೆ ಕಥೆ ಹೇಳುವ ಮೊದಲೇ ಅದನ್ನು ಪೂರ್ತಿ ಬರೆದು, ನೋಂದಾಯಿಸಿ. ಕರಾರು ಓದದೆ ಸಹಿ ಹಾಕಬೇಡಿ.